ಮರವಿಲ್ಲದ ಮರದ ಸೇತುವೆ

ಪುಣೆಗೆ ಬರುವ ನೆಂಟರಿಗೆ ಊರು ತೋರಿಸಲು ಹೊರಟಾಗ ನಾನು ಡೆಕ್ಕನ್ ಜಿಮಖಾನಾದಿಂದ ಹಳೆಯ ಪೇಟೆಗಳ ಕಡೆಗೆ ನಡೆದೇ ಕರೆದೊಯ್ಯುತ್ತೇನೆ. ನಡುವೆ ಮುಠಾ ನದಿ ಅಡ್ಡ ಬರುತ್ತದೆ. ಅದನ್ನು ದಾಟಿಸುವ ಸೇತುವೆಗೆ ಇಲ್ಲಿಯ ಜನ ‘ಲಕಡೀ ಪೂಲ್’ ಎನ್ನುತ್ತಾರೆ. ಮರದ ಸೇತುವೆ ಎಂದರ್ಥ. ಹೆಸರು ಕೇಳಿದ ನೆಂಟರು ಕೆಳಗೆ ಬಗ್ಗಿ ನೋಡುತ್ತಾರೆ, ಕಟಕಟೆಯನ್ನು ಮುಟ್ಟಿ ನೋಡುತ್ತಾರೆ. ಕಲ್ಲು ಗಾರೆಗಳಿವೆ, ಡಾಂಬರಿದೆ, ತಲೆಯ ಮೇಲೆ ಮೆಟ್ರೊ ರೈಲಿನ ಕಾಂಕ್ರೀಟು ಹಾದಿಯಿದೆ. ಮರ ಮಾತ್ರ ಎಲ್ಲಿಯೂ ಇಲ್ಲ. ‘ಹಾಗಾದರೆ ಇದು ಅದೇ ಸೇತುವೆ ಹೇಗಾಯಿತು?’ ಎಂದು ಯಾರಾದರೊಬ್ಬರು ಕೇಳಿಯೇ ಕೇಳುತ್ತಾರೆ. ನಗುತ್ತ ಕೇಳುವ ಆ ಪ್ರಶ್ನೆಯ ವಯಸ್ಸು ಎರಡು ಸಾವಿರ ವರ್ಷಗಳಿಗೂ ಹೆಚ್ಚು. ಕಳೆದ ವರ್ಷ ಕಚೇರಿಯ ಒಂದು ನಮೂನೆ ನನ್ನ ಮೇಜಿಗೆ ಬಂದ ದಿನದಿಂದ ನನಗೂ ಅದು ನಗುವ ಪ್ರಶ್ನೆಯಾಗಿ ಉಳಿದಿಲ್ಲ. ಆ ನಮೂನೆಯ ಮಾತಿಗೆ ಕೊನೆಯಲ್ಲಿ ಬರುತ್ತೇನೆ. ಮೊದಲು ಸೇತುವೆಯ ಕಥೆ.

1761ರ ಜನವರಿ 14ರಂದು ಪಾಣಿಪತದಲ್ಲಿ ಮರಾಠರ ಸೇನೆ ಅಹಮದ್ ಶಾ ಅಬ್ದಾಲಿಯ ಎದುರು ನುಚ್ಚುನೂರಾಯಿತು. ಪೇಶ್ವೆ ಬಾಳಾಜಿ ಬಾಜೀರಾವ್ ತನ್ನ ಹಿರಿಯ ಮಗ ವಿಶ್ವಾಸರಾವನನ್ನೂ ಚಿಕ್ಕಪ್ಪನ ಮಗ ಸದಾಶಿವರಾವ್ ಭಾವೂನನ್ನೂ ಅಲ್ಲಿ ಕಳೆದುಕೊಂಡ. ಅದೇ ವರ್ಷದ ಜೂನ್ ತಿಂಗಳಲ್ಲಿ ಪುಣೆಯ ಪರ್ವತಿ ಗುಡ್ಡದ ಮೇಲೆ ತಾನೂ ತೀರಿಕೊಂಡ. ಸೋತು ಮರಳುವ ಸೈನಿಕರು ನದಿ ದಾಟಿ ಊರೊಳಗೆ ಬರಲೆಂದು ತರಾತುರಿಯಲ್ಲಿ ಮರದ ಸೇತುವೆಯನ್ನು ಕಟ್ಟಿಸಲಾಯಿತು ಎಂಬುದು ಪುಣೆಯಲ್ಲಿ ತಲೆಮಾರುಗಳಿಂದ ನಡೆದು ಬಂದ ಮಾತು. ಹತ್ತೊಂಬತ್ತನೆಯ ಶತಮಾನದಲ್ಲಿ ಮರದ್ದು ಹೋಗಿ ಕಲ್ಲಿನದು ಬಂದಿತು. 1961ರ ಜುಲೈ 12ರಂದು ಪಾನಶೇತ್ ಅಣೆಕಟ್ಟು ಒಡೆದು ಪ್ರವಾಹ ಊರಿಗೇ ನುಗ್ಗಿದಾಗ ಈ ಸೇತುವೆಯನ್ನೂ ನೀರು ಬಿಡಲಿಲ್ಲ. ಮತ್ತೆ ದುರಸ್ತಿಯಾಯಿತು. ಸರಕಾರಿ ಕಾಗದಗಳಲ್ಲಿ ಅದಕ್ಕೀಗ ಛತ್ರಪತಿ ಸಂಭಾಜಿಯ ಹೆಸರಿದೆ. ಮರ ಹೋಯಿತು, ಆಕಾರ ಬದಲಾಯಿತು, ಅಧಿಕೃತ ಹೆಸರೂ ಬದಲಾಯಿತು. ರಿಕ್ಷಾದವನಿಗೆ ಮಾತ್ರ ಇಂದಿಗೂ ‘ಲಕಡೀ ಪೂಲ್’ ಎಂದರೇ ತಿಳಿಯುವುದು.

ಸೇತುವೆಯ ಕೆಳಗಿನ ನೀರಿನ ಕಥೆಯೂ ಬೇರೆಯಲ್ಲ. ಎಫೆಸಸ್ ಎಂಬ ಊರಿನ ಹೆರಾಕ್ಲಿಟಸ್ ಕ್ರಿಸ್ತಪೂರ್ವ 500ರ ಸುಮಾರಿನಲ್ಲಿ ಹರಿಯುವ ನದಿಯನ್ನು ಮುಂದಿಟ್ಟುಕೊಂಡು ಇದೇ ಒಗಟನ್ನು ಹಾಕಿದ. ಎರಡನೆಯ ಸಲ ಕಾಲಿಡುವ ಹೊತ್ತಿಗೆ ಮೊದಲಿನ ನೀರು ಅಲ್ಲಿರುವುದಿಲ್ಲ. ಹಾಗಿದ್ದೂ ನಾವು ಅದನ್ನು ಅದೇ ನದಿ ಎನ್ನುತ್ತೇವೆ. ನಮ್ಮ ಜಮಖಂಡಿಯಲ್ಲಿ 1886ರಲ್ಲಿ ಹುಟ್ಟಿದ ಗುರುದೇವ ರಾನಡೆಯವರು, ಈ ಸೇತುವೆಯಿಂದ ಕಾಲ್ನಡಿಗೆಯಲ್ಲಿ ಮುಟ್ಟಬಹುದಾದ ಫರ್ಗ್ಯುಸನ್ ಕಾಲೇಜಿನಲ್ಲಿ ತತ್ತ್ವಶಾಸ್ತ್ರ ಕಲಿಸುತ್ತಿದ್ದರು. ಉಪನಿಷತ್ತುಗಳ ಜೊತೆಗೆ ಗ್ರೀಕ್ ದಾರ್ಶನಿಕರನ್ನೂ ಅವರು ಆಳವಾಗಿ ಓದಿ ಬರೆದರು. ಅವರು ಕಂಡ ಮುಠೆಯ ನೀರು ಯಾವಾಗಲೋ ಮುಳೆಯನ್ನು ಕೂಡಿ, ಭೀಮೆಗೆ ಇಳಿದು, ಪಂಢರಪುರವನ್ನೂ ಗಾಣಗಾಪುರವನ್ನೂ ದಾಟಿ, ರಾಯಚೂರಿನ ಬಳಿ ಕೃಷ್ಣೆಯಲ್ಲಿ ಒಂದಾಗಿ ಹೋಗಿದೆ. ಪುಣೆಯ ಕನ್ನಡಿಗರಿಗೆ ಇದು ತೌರಿನ ಕಡೆಗೆ ಹರಿಯುವ ನೀರು. ನಾವು ಇಲ್ಲಿದ್ದೇವೆ, ನೀರು ದಿನವೂ ಊರಿಗೆ ಹೋಗುತ್ತದೆ.

ಸೇತುವೆಯ ಒಗಟಿನ ಮೂಲರೂಪ ಒಂದು ಹಡಗಿನ ಕಥೆ. ಅದನ್ನು ಬರೆದಿಟ್ಟವನು ಕ್ರಿಸ್ತಶಕದ ಆರಂಭದ ಶತಮಾನಗಳಲ್ಲಿ ಬಾಳಿದ ಪ್ಲುಟಾರ್ಕ್. ಥೀಸಿಯಸ್ ಎಂಬ ವೀರ ಕ್ರೀಟ್ ದ್ವೀಪದಿಂದ ತರುಣ ತರುಣಿಯರನ್ನು ಉಳಿಸಿಕೊಂಡು ಮರಳಿದ ಮೂವತ್ತು ಹುಟ್ಟುಗಳ ಹಡಗನ್ನು ಅಥೆನ್ಸಿನ ಜನ ಶತಮಾನಗಳ ಕಾಲ ಕಾಪಾಡಿದರು. ಕೊಳೆತ ಹಲಗೆಯನ್ನು ಕಿತ್ತು ಗಟ್ಟಿ ಹಲಗೆ ಜೋಡಿಸುತ್ತ ಬಂದರು. ಒಂದು ದಿನ ಎಲ್ಲ ಹಲಗೆಗಳೂ ಹೊಸವಾದವು. ಇದು ಥೀಸಿಯಸನ ಹಡಗೇ? ಹೌದೆನ್ನುವವರದು ಒಂದು ಪಕ್ಷ, ಅಲ್ಲವೆನ್ನುವವರದು ಇನ್ನೊಂದು. ಬೆಳೆಯುವ ಮತ್ತು ಬದಲಾಗುವ ವಸ್ತುಗಳ ಬಗ್ಗೆ ವಾದಿಸುವ ದಾರ್ಶನಿಕರಿಗೆಲ್ಲ ಈ ಹಡಗು ಉದಾಹರಣೆಯಾಯಿತು ಎಂದು ಪ್ಲುಟಾರ್ಕ್ ಹೇಳಿ ಸುಮ್ಮನಾಗುತ್ತಾನೆ.

ಅದಕ್ಕೆ ಕ್ಲಿಷ್ಟವಾದ ಗಂಟೊಂದನ್ನು ಹಾಕಿದವನು ಇಂಗ್ಲೆಂಡಿನ ಥಾಮಸ್ ಹಾಬ್ಸ್. 1655ರಲ್ಲಿ ಪ್ರಕಟವಾದ ತನ್ನ ಲ್ಯಾಟಿನ್ ಗ್ರಂಥದಲ್ಲಿ ಅವನು ಹೀಗೆ ಕಲ್ಪಿಸಿದ: ಕಿತ್ತುಹಾಕಿದ ಹಳೆಯ ಹಲಗೆಗಳನ್ನು ಒಬ್ಬ ಬಿಸಾಡದೆ ಕೂಡಿಟ್ಟ, ಕೊನೆಗೆ ಅವನ್ನೆಲ್ಲ ಮೊದಲಿನ ಕ್ರಮದಲ್ಲೇ ಜೋಡಿಸಿ ಇನ್ನೊಂದು ಹಡಗು ಕಟ್ಟಿದ. ಈಗ ಎದುರಿಗೆ ಎರಡು ಹಡಗುಗಳಿವೆ. ಒಂದು, ಒಂದು ದಿನವೂ ಬಿಡುವಿಲ್ಲದೆ ಬಳಕೆಯಲ್ಲಿದ್ದದ್ದು. ಆದರೆ ಅದರಲ್ಲಿ ಹಳೆಯ ಹಲಗೆ ಒಂದೂ ಇಲ್ಲ. ಇನ್ನೊಂದರಲ್ಲಿ ಹಳೆಯ ಹಲಗೆಗಳೆಲ್ಲ ಇವೆ. ಆದರೆ ನಡುವಿನ ಕಾಲದಲ್ಲಿ ಅದು ಹಡಗಾಗಿಯೇ ಇರಲಿಲ್ಲ. ಥೀಸಿಯಸನ ಹಡಗು ಯಾವುದು? ಎರಡೂ ಎಂದರೆ ಒಂದು ಹಡಗು ಎರಡಾಯಿತು. ಒಂದೇ ಎಂದರೆ ಯಾವುದನ್ನು ಆರಿಸಬೇಕು?

ನಮ್ಮ ಕಡೆಯಲ್ಲೂ ಈ ಪ್ರಶ್ನೆಗೆ ಹಳೆಯ ಉತ್ತರವೊಂದಿದೆ. ಪಾಲಿ ಭಾಷೆಯ ‘ಮಿಲಿಂದಪಞ್ಹ’ದಲ್ಲಿ ಗ್ರೀಕ್ ಅರಸ ಮಿನಾಂಡರ್ ಬೌದ್ಧ ಭಿಕ್ಷು ನಾಗಸೇನನನ್ನು ಕಾಣಲು ರಥವೇರಿ ಬರುತ್ತಾನೆ. ಭಿಕ್ಷು ಅವನ ರಥವನ್ನೇ ಪ್ರಶ್ನೆಯಾಗಿಸುತ್ತಾನೆ. ಅಚ್ಚು ರಥವೇ? ಗಾಲಿಯೇ? ನೊಗವೇ? ಇವೆಲ್ಲವನ್ನೂ ಬಿಟ್ಟು ಬೇರೆ ಏನಾದರೂ ರಥವೇ? ಅರಸ ಎಲ್ಲಕ್ಕೂ ಅಲ್ಲ ಎನ್ನಬೇಕಾಗುತ್ತದೆ. ಬಿಡಿಭಾಗಗಳು ಕೂಡಿದಾಗ ಲೋಕವ್ಯವಹಾರಕ್ಕಾಗಿ ಬಳಸುವ ಹೆಸರು ರಥ. ಆ ಹೆಸರಿನಾಚೆ ರಥವೆಂಬ ತಿರುಳನ್ನು ಹುಡುಕಬೇಡ ಎನ್ನುವುದು ನಾಗಸೇನನ ತೀರ್ಮಾನ. ಗ್ರೀಕನ ಕಿವಿಗೆ ಬಿದ್ದ ಈ ಬೌದ್ಧ ಉತ್ತರ ಪುಣೆಯವರಿಗೆ ಅಪರಿಚಿತವಾಗಬೇಕಾಗಿಲ್ಲ. ಇಲ್ಲಿಂದ ಸುಮಾರು 60 ಕಿಲೋಮೀಟರು ದೂರದ ಕಾರ್ಲೆಯ ಬೌದ್ಧ ಚೈತ್ಯದಲ್ಲಿ ಯವನರು ದಾನವಾಗಿ ಕೊಟ್ಟ ಕಂಬಗಳಿವೆ. ಶಾಸನಗಳು ಅದನ್ನು ಹೇಳುತ್ತವೆ. ಆ ಚೈತ್ಯದ ಚಾವಣಿಯನ್ನು ತಲೆಯೆತ್ತಿ ನೋಡಿದರೆ ಮತ್ತೊಂದು ಸೋಜಿಗ. ಬಂಡೆಯಲ್ಲಿ ಕೊರೆದ ಗುಹೆಗೆ ತೊಲೆಗಳ ಆಧಾರ ಬೇಕಿಲ್ಲ. ಆದರೂ ಹಳೆಯ ಮರದ ಕಟ್ಟಡಗಳ ನೆನಪಿಗೆಂಬಂತೆ ಅಲ್ಲಿ ಮರದ ಕಮಾನುಗಳನ್ನು ಕೂಡಿಸಿದ್ದಾರೆ, ಅವು ಇಂದಿಗೂ ಉಳಿದಿವೆ. ಮರದ ಸೇತುವೆಯಲ್ಲಿ ಮರವಿಲ್ಲ. ಕಲ್ಲಿನ ಗುಹೆಯಲ್ಲಿ ಮರವಿದೆ.

ಹಾಬ್ಸನ ಎರಡನೆಯ ಹಡಗನ್ನು ನಾನು ಬಹುಕಾಲ ತರ್ಕದ ಆಟವೆಂದೇ ತಿಳಿದಿದ್ದೆ. ಇಂಗ್ಲಿಷ್ ಎಂ.ಎ. ಓದುವಾಗ ಪರೀಕ್ಷೆಗೆ ಬೇಕಾದಷ್ಟು ಓದಿ ಮರೆತೂ ಬಿಟ್ಟಿದ್ದೆ. ವರ್ಗವಾಗಿ ಪುಣೆಗೆ ಬಂದ ಮೇಲೆ ತಿಳಿಯಿತು: ಆ ಎರಡನೆಯ ಹಡಗನ್ನು ಇಲ್ಲಿ ನಿಜವಾಗಿಯೇ ಕಟ್ಟಿದ್ದಾರೆ. ಅದನ್ನು ಕಟ್ಟಿದ ಬಂದರು ಲಾ ಕಾಲೇಜು ರಸ್ತೆಯ ಭಾಂಡಾರಕರ್ ಪ್ರಾಚ್ಯವಿದ್ಯಾ ಸಂಶೋಧನ ಮಂದಿರ. ಆ ಹಡಗು ಮಹಾಭಾರತ.

ಸರ್ ರಾಮಕೃಷ್ಣ ಗೋಪಾಳ ಭಾಂಡಾರಕರ್ ಅವರಿಗೆ 80 ತುಂಬಿದ ದಿನ, 1917ರ ಜುಲೈ 6ರಂದು, ಅವರ ಹೆಸರಿನಲ್ಲಿ ಈ ಸಂಸ್ಥೆ ಆರಂಭವಾಯಿತು. ಮಹಾಭಾರತದ ಹಸ್ತಪ್ರತಿಗಳನ್ನೆಲ್ಲ ಕೂಡಿಸಿ, ಹೋಲಿಸಿ, ಶಾಸ್ತ್ರೀಯವಾಗಿ ಸಂಪಾದಿಸಬೇಕೆಂಬ ಕೆಲಸ 1919ರಲ್ಲಿ ಮೊದಲಾಯಿತು. ಔಂಧ್ ಸಂಸ್ಥಾನದ ಅರಸ ಬಾಳಾಸಾಹೇಬ ಪಂತ ಪ್ರತಿನಿಧಿ ಹಣದ ನೆರವಿಗೆ ನಿಂತರು. ಎನ್. ಬಿ. ಉತ್ಗೀಕರ್ ಅವರು 1923ರಲ್ಲಿ ವಿರಾಟಪರ್ವವನ್ನು ಮಾದರಿಯಾಗಿ ಹೊರತಂದರು. 1925ರಲ್ಲಿ ಪ್ರಧಾನ ಸಂಪಾದಕರಾಗಿ ಬಂದವರು ವಿಷ್ಣು ಸೀತಾರಾಮ ಸುಕಥನಕರ್: ಕೇಂಬ್ರಿಜ್‌ನಲ್ಲಿ ಗಣಿತ ಓದಿ, ಬರ್ಲಿನ್ನಿನಲ್ಲಿ ಹೈನ್ರಿಶ್ ಲ್ಯೂಡರ್ಸ್ ಅವರ ಬಳಿ ಭಾರತೀಯ ವಿದ್ಯೆಯನ್ನು ಕಲಿತವರು. ಅವರ ಆದಿಪರ್ವ 1933ರಲ್ಲಿ ಪೂರ್ಣವಾಯಿತು. 1943ರ ಜನವರಿಯಲ್ಲಿ ಅವರು ತೀರಿಕೊಂಡರು. ಮಹಾಭಾರತದ ಅರ್ಥವನ್ನು ಕುರಿತು ಮುಂಬಯಿಯಲ್ಲಿ ಆಗ ನಾಲ್ಕು ಉಪನ್ಯಾಸ ಕೊಡುತ್ತಿದ್ದರು. ನಾಲ್ಕನೆಯದಕ್ಕೆ ಅವರು ಉಳಿಯಲಿಲ್ಲ. ಕೆಲಸ ಶ್ರೀಪಾದ ಕೃಷ್ಣ ಬೇಳ್ವಲಕರ್ ಅವರ ಕೈಗೆ, ಅವರಿಂದ ಪಿ. ಎಲ್. ವೈದ್ಯರ ಕೈಗೆ ಬಂದಿತು. 1966ರ ಸೆಪ್ಟೆಂಬರ್ 22ರಂದು ರಾಷ್ಟ್ರಪತಿ ರಾಧಾಕೃಷ್ಣನ್ ಅವರು ಪುಣೆಗೆ ಬಂದು ಕಾರ್ಯ ಪೂರ್ಣವಾಯಿತೆಂದು ಘೋಷಿಸಿದರು. 47 ವರ್ಷ, 1,259 ಹಸ್ತಪ್ರತಿಗಳು. ಹಡಗು ಕಟ್ಟುವವರೇ ಒಬ್ಬೊಬ್ಬರಾಗಿ ಬದಲಾಗುತ್ತ ಬಂದರು. ಕಟ್ಟುವ ಕೆಲಸ ಮಾತ್ರ ಒಂದೇ ಆಗಿ ಉಳಿಯಿತು.

ಕೆಲಸದ ಬಗೆಯನ್ನು ಸ್ವಲ್ಪ ವಿವರಿಸಬೇಕು. ಆದಿಪರ್ವದ 235 ಹಸ್ತಪ್ರತಿಗಳ ಲೆಕ್ಕವನ್ನು ಸುಕಥನಕರ್ ಕೊಡುತ್ತಾರೆ: ದೇವನಾಗರಿಯಲ್ಲಿ 107, ಬಂಗಾಳಿಯಲ್ಲಿ 32, ಗ್ರಂಥಲಿಪಿಯಲ್ಲಿ 31, ತೆಲುಗಿನಲ್ಲಿ 28, ಮಲಯಾಳದಲ್ಲಿ 26, ನೇಪಾಳಿಯಲ್ಲಿ 5, ಕಾಶ್ಮೀರದ ಶಾರದಾ ಲಿಪಿಯಲ್ಲಿ 3. ಮೈಥಿಲಿ, ನಂದಿನಾಗರಿ ಮತ್ತು ಕನ್ನಡ ಲಿಪಿಗಳಲ್ಲಿ ತಲಾ ಒಂದು. ಆ ಒಂದು ಅಂಕಿಯನ್ನು ನೋಡಿ ನನಗೆ ನಾಚಿಕೆಯೂ ಸಂತೋಷವೂ ಒಟ್ಟಿಗೆ ಆಯಿತು. ಹೀಗೆ ಬಂದವುಗಳಲ್ಲಿ ಆಯ್ದ 60 ಪ್ರತಿಗಳನ್ನು ಸಾಲುಸಾಲಾಗಿ ಹೋಲಿಸಿದರು. ಉತ್ತರದ ಪಾಠಗಳೂ ದಕ್ಷಿಣದ ಪಾಠಗಳೂ ಒಪ್ಪುವ ಸಾಲು ಹಳೆಯದಿರಬೇಕು, ಒಂದೇ ಪ್ರಾಂತದ ಪ್ರತಿಗಳಲ್ಲಿ ಮಾತ್ರ ಕಾಣುವ ಕಥೆ ನಡುವೆ ಸೇರಿದ್ದಿರಬೇಕು ಎಂಬುದು ಸ್ಥೂಲವಾಗಿ ಅವರ ನ್ಯಾಯ. ದೇಶದ ತುಂಬ ಚೆದುರಿಹೋಗಿದ್ದ ಹಳೆಯ ಹಲಗೆಗಳನ್ನು ಆಯ್ದು ಮೊದಲಿನ ಕ್ರಮದಲ್ಲಿ ಜೋಡಿಸುವುದೆಂದರೆ ಇದೇ.

ಆಯುವಾಗ ಕೆಲವು ಹಲಗೆಗಳು ಹೊರಗುಳಿದವು. ವ್ಯಾಸರು ಹೇಳುತ್ತ ಹೋದಂತೆ ಗಣಪತಿ ಬರೆದುಕೊಂಡನೆಂಬ ಕಥೆ ನಮಗೆಲ್ಲ ಬಾಲ್ಯದಿಂದ ಗೊತ್ತು. ಪುಣೆಯ ಪಾಠದಲ್ಲಿ ಅದು ಇಲ್ಲ, ಅನುಬಂಧಕ್ಕೆ ಹೋಗಿದೆ. ಗಣಪತಿಯ ಊರೆಂದೇ ಹೆಸರಾದ ಪುಣೆಯಲ್ಲಿ ಗಣಪತಿಯನ್ನು ಹೊರಗಿಡಲು ಎದೆಗಾರಿಕೆ ಬೇಕಿತ್ತು. ಸಭಾಪರ್ವವನ್ನು ಸಂಪಾದಿಸಿದವರು ಅಮೆರಿಕದ ಯೇಲ್ ವಿಶ್ವವಿದ್ಯಾಲಯದ ಫ್ರಾಂಕ್ಲಿನ್ ಎಡ್ಜರ್ಟನ್. ವಸ್ತ್ರಾಪಹರಣದ ಸನ್ನಿವೇಶದಲ್ಲಿ ದ್ರೌಪದಿ ಕೃಷ್ಣನನ್ನು ಕೂಗಿ ಕರೆಯುವ ಮೊರೆ ಅವರ ಮುಖ್ಯ ಪಾಠದಲ್ಲಿ ಇಲ್ಲ. ಸೆಳೆದಂತೆಲ್ಲ ವಸ್ತ್ರ ಬರುತ್ತದೆ. ಯಾರು ಕೊಟ್ಟರೆಂಬ ಮಾತಿಲ್ಲ.

ಇಲ್ಲಿಗೆ ಬಂದಾಗ ಗದಗಿನ ಕಡೆಯವನಾದ ನನಗೆ ಕಾಲು ಮುಂದಕ್ಕೆ ಹೋಗುವುದಿಲ್ಲ. ನಮ್ಮ ಮನೆಯ ಪಡಸಾಲೆಯಲ್ಲಿ ಶ್ರಾವಣದ ಸಂಜೆಗಳಲ್ಲಿ ಅಜ್ಜ ಗದುಗಿನ ಭಾರತ ಓದುತ್ತಿದ್ದರು. ಸಭೆಯಲ್ಲಿ ದ್ರೌಪದಿ ಕೃಷ್ಣನಿಗೆ ಮೊರೆಯಿಡುವ ಭಾಗ ಬಂದಾಗ ಅವರ ಕಂಠ ಕಟ್ಟುತ್ತಿತ್ತು. ಕೇಳಲು ಬಂದ ಓಣಿಯ ಹೆಂಗಸರು ಸೆರಗಿನಿಂದ ಕಣ್ಣೊರೆಸಿಕೊಳ್ಳುತ್ತಿದ್ದರು. ಅಷ್ಟು ಜನರ ಕಣ್ಣೀರು ಆಮೇಲೆ ಬಡಿದ ಹಲಗೆಯೊಂದರ ಮೇಲೆ ಬಿದ್ದುದೇ? ಭಾಂಡಾರಕರ್ ಸಂಸ್ಥೆಯ ಸಂಪುಟದಲ್ಲಿ ಆ ಪುಟವನ್ನು ಮೊದಲ ಸಲ ನೋಡಿದಾಗ ನಾನು ಕೇಳಿಕೊಂಡ ಪ್ರಶ್ನೆ ಅದು. ಅಲ್ಲಿಯವರೆಗೆ ಹಡಗಿನ ಒಗಟು ಪುಸ್ತಕದ್ದಾಗಿತ್ತು, ಅಂದಿನಿಂದ ಮನೆಯದಾಯಿತು.

ಏಕೆಂದರೆ ನಮ್ಮದು ಮೊದಲನೆಯ ಹಡಗು, ಒಂದು ದಿನವೂ ನೀರಿನಿಂದ ಮೇಲೆಳೆಯದ ಹಡಗು. 941ರಲ್ಲಿ ಪಂಪ ವಿಕ್ರಮಾರ್ಜುನ ವಿಜಯವನ್ನು ಬರೆದಾಗ ಹಲಗೆಗಳನ್ನು ನಿಸ್ಸಂಕೋಚವಾಗಿ ಬದಲಿಸಿದ. ಅವನಲ್ಲಿ ದ್ರೌಪದಿ ಐವರ ಹೆಂಡತಿಯಲ್ಲ, ಅರ್ಜುನನೊಬ್ಬನ ಹೆಂಡತಿ. ಅವನ ಆಶ್ರಯದಾತ ಅರಿಕೇಸರಿಯೇ ಅರ್ಜುನ. ಕೊನೆಯಲ್ಲಿ ಪಟ್ಟವೇರುವವನು ಧರ್ಮರಾಜನಲ್ಲ, ಸುಭದ್ರೆಯೊಡನೆ ಅರ್ಜುನ. ಅರಿಕೇಸರಿಯ ರಾಜಧಾನಿ ವೇಮುಲವಾಡ ಇಂದು ತೆಲಂಗಾಣದಲ್ಲಿದೆ ಎಂಬುದನ್ನು ಹೊರನಾಡಿನ ನಾವು ನೆನೆದು ಹೆಮ್ಮೆಪಡಬಹುದು. ಮುಂದೆ ಹದಿನೈದನೆಯ ಶತಮಾನದ ಕುಮಾರವ್ಯಾಸ ಗದಗಿನ ವೀರನಾರಾಯಣನ ಸನ್ನಿಧಿಯಲ್ಲಿ ಇಡೀ ಕಥೆಯನ್ನು ಕೃಷ್ಣನ ಕಥೆಯಾಗಿ ಹೇಳಿದ. ವೀರನಾರಾಯಣನೇ ಕವಿ, ತಾನು ಬರೆದುಕೊಳ್ಳುವವನು ಮಾತ್ರ ಎಂದ. ಗಣಪತಿಯ ಕಥೆಯಲ್ಲಿ ಮನುಷ್ಯ ಹೇಳಿದ, ದೇವರು ಬರೆದ. ಗದಗಿನಲ್ಲಿ ದೇವರು ಹೇಳಿದ, ಮನುಷ್ಯ ಬರೆದ. ಹತ್ತು ಪರ್ವಗಳಿಗೆ ಕುಮಾರವ್ಯಾಸ ನಿಲ್ಲಿಸಿದ್ದನ್ನು ಕೃಷ್ಣದೇವರಾಯನ ಕಾಲದಲ್ಲಿ ತಿಮ್ಮಣ್ಣ ಕವಿ ಮುಂದುವರಿಸಿದ. ಆಮೇಲೆ ಯಕ್ಷಗಾನದವರು ಬಂದರು, ಗಮಕಿಗಳು ಬಂದರು, ಹಳ್ಳಿಯ ಬಯಲಾಟದವರು ಬಂದರು. ಪ್ರತಿಯೊಬ್ಬರೂ ಒಂದೆರಡು ಹಲಗೆ ಬದಲಿಸಿದರು. ಹಡಗು ತೇಲುತ್ತಲೇ ಇತ್ತು.

ಹಲಗೆಗಳು ಬದಲಾಗಿವೆ ಎಂಬ ಅರಿವು ಪಶ್ಚಿಮದ ವಿದ್ವಾಂಸರಿಂದ ನಮಗೆ ಬಂದುದಲ್ಲ. ಹದಿಮೂರನೆಯ ಶತಮಾನದಲ್ಲಿ ಉಡುಪಿಯ ಮಧ್ವಾಚಾರ್ಯರು ಮಹಾಭಾರತ ತಾತ್ಪರ್ಯ ನಿರ್ಣಯದ ಎರಡನೆಯ ಅಧ್ಯಾಯದಲ್ಲಿ ಇದನ್ನು ಸ್ಪಷ್ಟವಾಗಿ ಹೇಳಿದ್ದಾರೆ: ಜನ ಗ್ರಂಥದಲ್ಲಿ ಕೆಲವೆಡೆ ಹೊಸದನ್ನು ಸೇರಿಸಿದ್ದಾರೆ, ಕೆಲವೆಡೆ ಇದ್ದುದನ್ನು ಬಿಟ್ಟಿದ್ದಾರೆ, ಕೆಲವೆಡೆ ಹಿಂದುಮುಂದು ಮಾಡಿದ್ದಾರೆ, ಕೆಲವು ಅಜಾಗರೂಕತೆಯಿಂದ, ಕೆಲವು ಬೇರೆ ಕಾರಣದಿಂದ. ಉಳಿದಿರುವ ಗ್ರಂಥವೂ ಕಲಸಿಹೋಗಿದೆ ಎಂದು ಅವರು ಬೇಸರಪಡುತ್ತಾರೆ. ಪುಣೆಯ ಸಂಪಾದಕರಿಗಿಂತ ಸುಮಾರು ಆರೂವರೆ ಶತಮಾನಗಳ ಹಿಂದೆ ಕರಾವಳಿಯ ಒಬ್ಬ ಆಚಾರ್ಯರು ಹಡಗಿನ ಮುಂದೆ ನಿಂತು ಹಲಗೆಗಳನ್ನು ಎಣಿಸಿದ್ದರು.

ಹಾಗಾದರೆ ನಿಜವಾದ ಮಹಾಭಾರತ ಯಾವುದು? ಹಾಬ್ಸನ ಪ್ರಶ್ನೆ ಇಲ್ಲಿ ತನ್ನ ಪೂರ್ಣ ಬಲದಿಂದ ನಿಲ್ಲುತ್ತದೆ. ಪುಣೆಯ ಪಾಠವೇ ನಿಜವೆಂದರೆ, ಆ ರೂಪದಲ್ಲಿ ಅದನ್ನು ಅಕ್ಷರಶಃ ಓದಿದವರು 1933ಕ್ಕೆ ಮೊದಲು ಒಬ್ಬರೂ ನಮಗೆ ತಿಳಿದಿಲ್ಲ. ಅದಕ್ಕೆ ಸರಿಹೊಂದುವ ಒಂದೇ ಒಂದು ಹಸ್ತಪ್ರತಿಯೂ ಇಲ್ಲ. ಜನ ಓದಿದ್ದೇ ನಿಜವೆಂದರೆ, ಯಾವ ಜನ? ಕಾಶ್ಮೀರದವರೇ, ಕೇರಳದವರೇ, ಗದಗಿನವರೇ? ಫ್ರಾನ್ಸಿನ ವಿದ್ವಾಂಸ ಸಿಲ್ವಾಂ ಲೆವಿ, ಕಳೆದುಹೋದ ಪಾಠವನ್ನು ಕಟ್ಟುವ ಬದಲು ನೀಲಕಂಠನ ಹದಿನೇಳನೆಯ ಶತಮಾನದ ಪ್ರಚಲಿತ ಪಾಠವನ್ನೇ ಅಚ್ಚು ಮಾಡಿ ಪಾಠಾಂತರಗಳನ್ನು ಕೊಟ್ಟರೆ ಸಾಕಲ್ಲವೇ ಎಂದು ಸಲಹೆ ಮಾಡಿದರು. ತೇಲುವ ಹಡಗನ್ನೇ ಹಿಡಿಯಿರಿ ಎಂಬ ವಾದ ಅದು. ಸುಕಥನಕರ್ ಒಪ್ಪಲಿಲ್ಲ. ಆದರೆ ತಮ್ಮ ಪಾಠ ವ್ಯಾಸರ ಮೂಲವೆಂದೂ ಅವರು ಹೇಳಿಕೊಳ್ಳಲಿಲ್ಲ. ಉಳಿದಿರುವ ಪ್ರತಿಗಳ ಆಧಾರದಿಂದ ಮುಟ್ಟಬಹುದಾದ ಅತ್ಯಂತ ಹಳೆಯ ರೂಪ ಇದು, ಇದಕ್ಕಿಂತ ಹಿಂದಕ್ಕೆ ಹೋಗಲಾರೆವು ಎಂಬಷ್ಟೇ ಅವರ ದಾವೆ. ಸಂದೇಹವಿದ್ದ ಪದಗಳ ಕೆಳಗೆ ಅಲೆಯಂಥ ಗೆರೆ ಎಳೆದು ಅಚ್ಚು ಹಾಕಿಸಿದರು.

ಗೆರೆಯ ಮಾತು ಬಂದುದರಿಂದ ಆ ಸಂಪುಟಗಳ ಪುಟವೊಂದನ್ನು ನಿಮ್ಮ ಕಣ್ಣ ಮುಂದೆ ಇಡುತ್ತೇನೆ. ಮೇಲೆ ದಪ್ಪ ಅಕ್ಷರಗಳಲ್ಲಿ ಸಂಪಾದಕರು ಒಪ್ಪಿದ ಶ್ಲೋಕಗಳು. ಅವುಗಳ ಕೆಳಗೆ ಸಣ್ಣ ಅಕ್ಷರಗಳಲ್ಲಿ, ಯಾವ ಲಿಪಿಯ ಯಾವ ಪ್ರತಿಯಲ್ಲಿ ಯಾವ ಪದ ಬೇರೆ, ಎಲ್ಲಿ ಯಾವ ಸಾಲು ಹೆಚ್ಚು ಎಂಬ ಲೆಕ್ಕ. ತೀರ ಉದ್ದವಾದ ಭಾಗಗಳು ಸಂಪುಟದ ಕೊನೆಯ ಅನುಬಂಧದಲ್ಲಿ. ಹೋಲಿಸಿದ ಪ್ರತಿಗಳಲ್ಲಿ ಸಿಕ್ಕ ಯಾವ ಕಥೆಯನ್ನೂ ಅವರು ಬಿಸಾಡಲಿಲ್ಲ. ಗಣಪತಿ ಅಲ್ಲೇ ಇದ್ದಾನೆ, ದ್ರೌಪದಿಯ ಮೊರೆಯೂ ಅಲ್ಲೇ ಇದೆ; ಮೇಲೆ ಅಲ್ಲ, ಕೆಳಗೆ. ಹಾಬ್ಸ್ ಎರಡು ಹಡಗುಗಳನ್ನು ಎದುರು ಬದುರು ನಿಲ್ಲಿಸಿ ಒಂದನ್ನು ಆರಿಸು ಎಂದ. ಪುಣೆಯ ಸಂಪಾದಕರು ಎರಡನ್ನೂ ಒಂದೇ ಪುಟದಲ್ಲಿ ಮುದ್ರಿಸಿದರು. ಆಗ ‘ಯಾವುದು ನಿಜ’ ಎಂಬ ಪ್ರಶ್ನೆ ಮಾಯವಾಗಿ, ‘ಯಾವುದು ಯಾವಾಗ, ಎಲ್ಲಿಂದ ಬಂದಿತು’ ಎಂಬ ಪ್ರಶ್ನೆ ಉಳಿಯಿತು. ಮೊದಲನೆಯದಕ್ಕೆ ಜಗಳವಾಡಬಹುದು, ಎರಡನೆಯದಕ್ಕೆ ಉತ್ತರ ಹುಡುಕಬಹುದು. ಅಜ್ಜನ ಕಣ್ಣೀರು ಸುಳ್ಳಾಗಲಿಲ್ಲ. ಅದಕ್ಕೊಂದು ಕಾಲ, ಒಂದು ಸ್ಥಳ ದೊರೆಯಿತು.

ಇನ್ನೊಂದು ಸಂಗತಿಯನ್ನು ಹೇಳದೆ ಮುಂದೆ ಹೋಗಲಾರೆ. ಇಷ್ಟು ಜರಡಿ ಹಿಡಿದ ಮೇಲೂ ಸಭಾಪರ್ವದಲ್ಲಿ ಕದಲದೆ ನಿಂತದ್ದು ದ್ರೌಪದಿಯ ಪ್ರಶ್ನೆ. ಧರ್ಮರಾಜ ಮೊದಲು ತನ್ನನ್ನು ಸೋತನೋ, ನನ್ನನ್ನು ಸೋತನೋ? ತನ್ನನ್ನೇ ಸೋತು ದಾಸನಾದವನಿಗೆ ಇನ್ನೊಬ್ಬರನ್ನು ಪಣಕ್ಕೊಡ್ಡುವ ಹಕ್ಕು ಎಲ್ಲಿಯದು? ಹಕ್ಕಿಲ್ಲವೆಂದರೆ ಹೆಂಡತಿ ಗಂಡನ ಅಧೀನಳೆಂಬ ಆ ಕಾಲದ ನಂಬಿಕೆ ಅಡ್ಡ ಬರುತ್ತದೆ; ಉಂಟೆಂದರೆ ದಾಸನಿಗೆ ಸ್ವತ್ತಿಲ್ಲವೆಂಬ ನಿಯಮ ಮುರಿಯುತ್ತದೆ. ಭೀಷ್ಮ ಧರ್ಮದ ಗತಿ ಸೂಕ್ಷ್ಮವೆಂದು ತಡವರಿಸುತ್ತಾನೆ, ವಿಕರ್ಣನೊಬ್ಬ ಧೈರ್ಯದಿಂದ ಅವಳ ಪಕ್ಷ ವಹಿಸುತ್ತಾನೆ, ಸಭೆ ತೀರ್ಪು ಕೊಡದೆ ಕುಳಿತಿರುತ್ತದೆ. ಕಾಪಾಡಿದವರು ಯಾರೆಂಬ ಉತ್ತರ ಪ್ರತಿಯಿಂದ ಪ್ರತಿಗೆ ಬದಲಾಯಿತು. ತುಂಬಿದ ಸಭೆಯಲ್ಲಿ ಹೆಂಗಸೊಬ್ಬಳು ಕೇಳಿದ ಪ್ರಶ್ನೆ ಮಾತ್ರ ಗೆರೆಯ ಮೇಲೆಯೇ ಉಳಿಯಿತು.

ಈಗ ನನ್ನ ಮೇಜಿನ ಮೇಲಿನ ನಮೂನೆ. ಕೇಂದ್ರ ಸರಕಾರದ ನೌಕರರು ಎಲ್‌ಟಿಸಿ ಸೌಲಭ್ಯಕ್ಕಾಗಿ ತಮ್ಮ ‘ಸ್ವಂತ ಊರು’ ಯಾವುದೆಂದು ಸೇವೆಗೆ ಸೇರಿದಾಗಲೇ ಘೋಷಿಸಬೇಕು. ಅದು ಸೇವಾ ಪುಸ್ತಕದಲ್ಲಿ ದಾಖಲಾಗುತ್ತದೆ. ಇಡೀ ಸೇವಾವಧಿಯಲ್ಲಿ ಒಮ್ಮೆ ಮಾತ್ರ, ಮೇಲಧಿಕಾರಿಯ ಒಪ್ಪಿಗೆ ಪಡೆದು, ಅದನ್ನು ಬದಲಾಯಿಸಬಹುದು. ನಾನು ಗದಗ ಎಂದು ಬರೆದಿದ್ದೆ. ಅಪ್ಪ ಹೋಗಿ ಆರು ವರ್ಷವಾಯಿತು, ಅವ್ವ ಹೋಗಿ ಮೂರು. ಮನೆಯನ್ನು ಅಣ್ಣ ತಮ್ಮಂದಿರು ಕೂಡಿ ಮಾರಿದೆವು. ಕೊಂಡವರು ಅದನ್ನು ಕೆಡವಿ ಮೂರಂತಸ್ತು ಕಟ್ಟಿದ್ದಾರೆ. ಅಜ್ಜ ಕುಳಿತು ಓದುತ್ತಿದ್ದ ಪಡಸಾಲೆಯ ಜಾಗದಲ್ಲಿ ಈಗ ಮೊಬೈಲ್ ದುರಸ್ತಿಯ ಅಂಗಡಿಯಿದೆ. ‘ಗದಗಿನಲ್ಲಿ ನಿಮ್ಮದೇನು ಉಳಿದಿದೆ? ಹೆಂಡತಿಯ ತೌರಾದ ಸೊಲ್ಲಾಪುರವನ್ನೋ ಪುಣೆಯನ್ನೋ ಬರೆಯಿಸಿಬಿಡಿ, ಅನುಕೂಲವಾಗುತ್ತದೆ’ ಎಂದು ಸಹೋದ್ಯೋಗಿಯೊಬ್ಬರು ಸಲಹೆ ಕೊಟ್ಟು, ಬದಲಾವಣೆಯ ನಮೂನೆಯನ್ನೂ ತಂದಿಟ್ಟರು.

ಸ್ವಂತ ಊರೆಂದು ಒಪ್ಪಲು ಸರಕಾರ ಕೆಲವು ಕಟ್ಟಳೆಗಳನ್ನು ಮಾಡಿದೆ. ಮನೆತನದ, ಸಮಾಜದ ಹೊಣೆಗಳಿಗಾಗಿ ಆಗಾಗ ಅಲ್ಲಿಗೆ ಹೋಗಬೇಕಾಗುತ್ತದೆಯೇ? ಅಲ್ಲಿ ಸ್ವಂತದ ಅಥವಾ ಕೂಡುಕುಟುಂಬದ ಮನೆಯಿದೆಯೇ? ಹತ್ತಿರದ ಬಂಧುಗಳಿದ್ದಾರೆಯೇ? ನೌಕರಿಗೆ ಮುಂಚೆ ಕೆಲವು ವರ್ಷ ಅಲ್ಲಿ ಬಾಳಿದ್ದೀರಾ? ಓದುತ್ತ ಹೋದಂತೆ ನನಗೆ ನಾಗಸೇನನ ರಥ ನೆನಪಾಯಿತು. ಮನೆ ಊರೇ? ಬಂಧುಗಳು ಊರೇ? ಹೊಣೆ ಊರೇ? ನಾನು ಒಂದೊಂದಕ್ಕೂ ‘ಇಲ್ಲ’ ಎಂದು ಗುರುತು ಹಾಕುತ್ತ ಕೊನೆಯ ಪ್ರಶ್ನೆಗೆ ಬಂದೆ. ಅದೊಂದೇ ಹಲಗೆ ಹಳೆಯದು: ಅಲ್ಲಿ ನಾನು ಬಾಳಿದ್ದೆ.

ನುಡಿಯ ಲೆಕ್ಕವೂ ಹೀಗೆಯೇ. ನನ್ನ ಮಗಳ ಕನ್ನಡದಲ್ಲಿ ಮರಾಠಿಯ ಹಲಗೆ ದಿನಕ್ಕೊಂದು ಸೇರುತ್ತಿದೆ ಎಂದು ನಾನು ಕೊರಗುತ್ತಿದ್ದೆ. ‘ಖರೆ ಕನ್ನಡ ಹಿಂಗಲ್ಲವಾ’ ಎಂದು ಒಮ್ಮೆ ಗದರಿದೆ. ಗದರಿದ ಮೇಲೆ ನನಗೇ ನಗು ಬಂದಿತು. ‘ನಿಜ’ ಎನ್ನಲು ನಮ್ಮ ಅಜ್ಜ ಅಜ್ಜಿಯರು ಬಳಸುತ್ತಿದ್ದ ಆ ‘ಖರೆ’ ಮರಾಠಿಯ ‘ಖರೇ’. ನಿಜವಾದ ಕನ್ನಡ ಯಾವುದೆಂದು ಕೇಳುವ ಪದವೇ ಆಮೇಲೆ ಬಂದ ಹಲಗೆ. ಇತ್ತ ಪುಣೆಯವರು ಅನ್ನಕ್ಕೆ ಬಡಿಸಿಕೊಳ್ಳುವ ‘ತೂಪ್’ ನಮ್ಮ ತುಪ್ಪ. ಹಾಗೆಂದು ಎಲ್ಲ ಹೋದರೂ ಚಿಂತೆಯಿಲ್ಲ ಎನ್ನಲಾರೆ. ಹಲಗೆ ಬದಲಾದರೆ ಹಡಗು ಮುಳುಗುವುದಿಲ್ಲ, ಹಲಗೆ ಬದಲಿಸುವ ಕೈ ನಿಂತರೆ ಮುಳುಗುತ್ತದೆ. ಅಥೆನ್ಸಿನ ಹಡಗು ಅಷ್ಟು ಕಾಲ ಉಳಿದದ್ದು ಮರದ ಗಟ್ಟಿತನದಿಂದಲ್ಲ, ಕೊಳೆತ ಹಲಗೆಗಳನ್ನು ಬದಲಿಸುತ್ತ ಬಂದ ಕೈಗಳಿಂದ.

ಮನೆ ಮಾರಿದಾಗ ನನ್ನ ಪಾಲಿಗೆ ಕೇಳಿ ತಂದದ್ದು ಅಜ್ಜನ ಗದುಗಿನ ಭಾರತವೊಂದನ್ನೇ. ಅದರ ಮೊದಲ ಪುಟಗಳು ಎಂದೋ ಹರಿದಿದ್ದವು. ನೆರೆಮನೆಯವರ ಪ್ರತಿ ನೋಡಿ ಅಜ್ಜ ಅವನ್ನು ಕೈಯಿಂದ ಬರೆದು ಸೇರಿಸಿದ್ದರು. ರಟ್ಟು ಅಪ್ಪ ಹಾಕಿಸಿದ್ದು. ಗೆದ್ದಲು ತಿಂದ ಕೊನೆಯ ಪುಟಗಳಿಗೆ ನಾನು ಪುಣೆಯಲ್ಲಿ ಝೆರಾಕ್ಸ್ ಪ್ರತಿ ಅಂಟಿಸಿದೆ. ಯಾವ ಪುಟವನ್ನು ಯಾರು, ಯಾವ ವರ್ಷ ಸೇರಿಸಿದರೆಂದು ಒಳರಟ್ಟಿನ ಮೇಲೆ ಬರೆದಿಟ್ಟಿದ್ದೇನೆ. ಭಾಂಡಾರಕರ್ ಸಂಸ್ಥೆಯ ಸಂಪುಟಗಳಿಂದ ಕಲಿತ ಅಭ್ಯಾಸವದು. ಭಾನುವಾರ ಸಂಜೆ ಮಗಳು ಅದನ್ನು ಅಕ್ಷರ ಕೂಡಿಸಿ ಕೂಡಿಸಿ ಓದುತ್ತಾಳೆ. ದ್ರೌಪದಿಯ ಮೊರೆಯ ಭಾಗ ಇನ್ನೂ ದೂರವಿದೆ. ಅಲ್ಲಿಗೆ ಬಂದಾಗ ಅದು ಪುಣೆಯ ಪಾಠದಲ್ಲಿ ಗೆರೆಯ ಕೆಳಗಿದೆ ಎಂದೂ ಅವಳ ಮುತ್ತಜ್ಜನ ಕಂಠ ಅಲ್ಲಿ ಕಟ್ಟುತ್ತಿತ್ತೆಂದೂ, ಎರಡನ್ನೂ ಹೇಳಬೇಕೆಂದಿದ್ದೇನೆ.

ಸೇವಾ ಪುಸ್ತಕದಲ್ಲಿ ಬರೆದುದನ್ನು ಅಳಿಸುವಂತಿಲ್ಲ. ತಿದ್ದಬೇಕಾದರೆ ಹಳೆಯದು ಓದಲು ಬರುವಂತೆ ಗೆರೆ ಎಳೆದು, ಹೊಸದನ್ನು ಬರೆದು, ಅಧಿಕಾರಿ ಸಹಿ ಹಾಕುತ್ತಾರೆ. ಮುಂದೊಂದು ದಿನ ನಾನೂ ಹಾಗೆ ಮಾಡಿಸಬೇಕಾಗಿ ಬಂದರೆ ಗದಗ ಆ ಗೆರೆಯ ಅಡಿಯಲ್ಲಿ ಕಾಣುತ್ತಲೇ ಇರುತ್ತದೆ ಎಂಬುದೊಂದು ಸಮಾಧಾನ. ಸದ್ಯಕ್ಕೆ ನಮೂನೆಯನ್ನು ಭರ್ತಿ ಮಾಡದೆ ಸಹೋದ್ಯೋಗಿಗೆ ಮರಳಿಸಿದ್ದೇನೆ. ಅವರು ಕಾರಣ ಕೇಳಿದರು. ಅಂದು ಸಂಜೆ ಒಟ್ಟಿಗೆ ಮನೆಗೆ ಹೊರಟಾಗ ಲಕಡೀ ಪೂಲ್ ದಾಟುತ್ತ, ಇದಕ್ಕೆ ಈ ಹೆಸರೇಕೆ ಎಂದು ನಾನೇ ಅವರನ್ನು ಕೇಳಿದೆ. ಹುಟ್ಟಿನಿಂದ ಪುಣೆಯವರಾದ ಅವರು ಸ್ವಲ್ಪವೂ ಯೋಚಿಸದೆ, ‘ಏಕೆಂದರೆ ಇದು ಲಕಡೀ ಪೂಲ್’ ಎಂದರು.